‘ಐನೊ’ ಹೆಸರಿನ ಚೌಕಟ್ಟು: ಕಾಗದಕ್ಕೆ ಪೂರ್ಣ ಅಂಕ, ಅರ್ಥಕ್ಕೆ ಇಲ್ಲ

ನಾಮಕರಣದ ಕರೆಯೋಲೆ ಮುದ್ರಿಸುವ ಅಂಗಡಿಗಳಲ್ಲಿ ಈಚೆಗೆ ‘ಹೆಸರಿನ ಚೌಕಟ್ಟು’ ಎಂಬ ಹೊಸ ಸೇವೆಯೊಂದು ಸೇರಿಕೊಂಡಿದೆ. ಮಗುವಿನ ಹೆಸರನ್ನು ದಪ್ಪಕ್ಷರದಲ್ಲಿ ಬರೆದು, ಅದರ ಕೆಳಗೆ ಅರ್ಥ, ಮೂಲ, ನಕ್ಷತ್ರ, ಅದೃಷ್ಟಸಂಖ್ಯೆಗಳನ್ನು ಮುದ್ರಿಸಿ, ಗಾಜು ಹಾಕಿ, ಗೋಡೆಗೆ ತೂಗುಹಾಕುವಂತೆ ಮಾಡಿಕೊಡುತ್ತಾರೆ. ಅಣ್ಣನ ಮೊಮ್ಮಗಳ ತೊಟ್ಟಿಲ ಶಾಸ್ತ್ರಕ್ಕೆಂದು ಶಿವಮೊಗ್ಗದ ಅಂಥ ಒಂದು ಅಂಗಡಿಯಲ್ಲಿ ನಾನು ಐವತ್ತು ಕರೆಯೋಲೆಗಳನ್ನೂ ಒಂದು ಚೌಕಟ್ಟನ್ನೂ ಮಾಡಿಸಿದೆ. ಕರೆಯೋಲೆಗಳಿಗೆ 900 ರೂಪಾಯಿ, ಚೌಕಟ್ಟಿಗೆ 650 ರೂಪಾಯಿ. ಅಂಗಡಿಯ ಹೆಸರನ್ನು ಬರೆಯುತ್ತಿಲ್ಲ. ಆದ ತಪ್ಪನ್ನು ಅವರು ಕೊನೆಗೆ ತಿದ್ದಿಕೊಟ್ಟಿದ್ದಾರೆ, ಅಲ್ಲದೆ ಈ ಬಗೆಯ ತಪ್ಪು ಅವರೊಬ್ಬರದೇ ಇರಲಾರದು ಎಂದು ನನಗೆ ತೋರುತ್ತದೆ.

ಮಗುವಿನ ಹೆಸರು ಐನೊ ತುಂಗಾ. ಅಣ್ಣನ ಒಬ್ಬಳೇ ಮಗಳು ಫಿನ್‌ಲೆಂಡಿನ ಎಸ್ಪೊ ನಗರದಲ್ಲಿ ಕೆಲಸದಲ್ಲಿದ್ದಾಳೆ. ಅಳಿಯಂದಿರು ಆ ದೇಶದವರೇ. ಮೊದಲ ಹೆಸರನ್ನು ಅವರು ಆರಿಸಿದರು, ಎರಡನೆಯದನ್ನು ನಮ್ಮ ಹುಡುಗಿ. ತೀರ್ಥಹಳ್ಳಿ ಸೀಮೆಯ ನಮ್ಮ ಮನೆಯವರಲ್ಲಿ ತುಂಗಾ ಎಂದರೇನೆಂದು ಕೇಳುವವರು ಯಾರೂ ಇರಲಿಲ್ಲ. ಐನೊ ಎಂದರೇನೆಂದು ಕೇಳದವರೂ ಯಾರೂ ಇರಲಿಲ್ಲ. ಫೋನಿನಲ್ಲಿ ಅದು ‘ಏನೋ’ ಎಂದು ಕೇಳಿಸಿದ್ದರಿಂದ ನಮ್ಮ ದೊಡ್ಡಮ್ಮ, ‘ಏನೋ ಅಂದ್ರೆ ಎಂಥದು ಮಾರಾಯ್ತಿ, ಹೆಸರು ಹೇಳು’ ಎಂದು ನನ್ನನ್ನೇ ಗದರಿದರು. ಮಗುವಿನ ಸೋದರತ್ತೆಗೆ ಹೆಲ್ಸಿಂಕಿಯಿಂದ ಬರಲು ಆಗದ ಕಾರಣ, ಅವರ ಸ್ಥಾನದಲ್ಲಿ ಕುಳಿತು ಮಗುವಿನ ಕಿವಿಯಲ್ಲಿ ಮೂರು ಸಲ ಹೆಸರು ಹೇಳುವ ಹೊಣೆ ನನ್ನ ಪಾಲಿಗೆ ಬಂದಿತ್ತು. ಹೇಳುವವಳಿಗೇ ಅರ್ಥ ತಿಳಿಯದಿದ್ದರೆ ಹೇಗೆ ಎಂಬ ಸಂಕೋಚವೇ ನನ್ನನ್ನು ಆ ಅಂಗಡಿಗೆ ಕರೆದೊಯ್ದದ್ದು.

ಮೊದಲು ಮೆಚ್ಚಬೇಕಾದ್ದನ್ನು ಹೇಳುತ್ತೇನೆ. ಹನ್ನೆರಡು ಅಂಗುಲ ಅಗಲ, ಹದಿನೆಂಟು ಅಂಗುಲ ಉದ್ದದ ಹಾಳೆಗೆ 300 ಜಿಎಸ್‌ಎಂನ, ಅಂದರೆ ಚದರ ಮೀಟರಿಗೆ 300 ಗ್ರಾಂ ತೂಗುವ, ಹೊಳಪಿಲ್ಲದ ಕಾಗದವನ್ನು ಬಳಸಿದ್ದಾರೆ. ಚೌಕಟ್ಟಿನ ಹಿಂಬದಿಯ ಅಂಚುಗಳಿಗೆಲ್ಲ ಪಟ್ಟಿ ಅಂಟಿಸಿ, ನಾಲ್ಕು ಮೂಲೆಗಳಿಗೂ ಕಾರ್ಕಿನ ಸಣ್ಣ ತುಂಡುಗಳನ್ನು ಕೂರಿಸಿರುವುದರಿಂದ ಅದು ಗೋಡೆಗೆ ತಾಗದೆ ನಿಲ್ಲುತ್ತದೆ. ಮಲೆನಾಡಿನ ಮಳೆಗಾಲದಲ್ಲಿ ಗೋಡೆಯ ತೇವ ಒಳಗಿಳಿದು ಮದುವೆಯ ಫೋಟೋಗಳಿಗೆಲ್ಲ ಬೂಷ್ಟು ಹಿಡಿದದ್ದನ್ನು ಕಂಡವರಿಗೆ ಇದು ಸಣ್ಣ ವಿಷಯವಲ್ಲ. ಕರೆಯೋಲೆಗಳ ಮುದ್ರಣವೂ ಅಚ್ಚುಕಟ್ಟಾಗಿತ್ತು. ಒತ್ತಕ್ಷರಗಳು ಎಲ್ಲಿಯೂ ಒಡೆದಿರಲಿಲ್ಲ. ಹೇಳಿದ ದಿನಕ್ಕಿಂತ ಒಂದು ದಿನ ತಡವಾಗಿ ಕೊಟ್ಟರು, ಅದನ್ನು ನಾನು ಲೆಕ್ಕಕ್ಕೆ ಹಿಡಿಯುವುದಿಲ್ಲ.

ಇನ್ನು ಹಾಳೆಯ ಮೇಲೆ ಇದ್ದದ್ದು: ‘ಐನೋ. ಫಿನ್‌ಲೆಂಡಿನ ಪುರಾತನ ಜಲದೇವತೆ. ಅರ್ಥ: ಸೌಂದರ್ಯ. ನಕ್ಷತ್ರ: ಕೃತ್ತಿಕಾ. ಅದೃಷ್ಟಸಂಖ್ಯೆ: 4.’ ಇಷ್ಟು ಚಿಕ್ಕ ಬರಹದಲ್ಲಿ ಇಷ್ಟೊಂದು ತಪ್ಪು ಮಾಡುವುದಕ್ಕೂ ಒಂದು ಬಗೆಯ ಶ್ರಮ ಬೇಕು.

ತಪ್ಪು ಹೆಸರಿನ ಎರಡನೆಯ ಅಕ್ಷರದಿಂದಲೇ ಶುರುವಾಗುತ್ತದೆ. ಫಿನ್ನಿಷ್ ಭಾಷೆಯಲ್ಲಿ ಸ್ವರ ದೀರ್ಘವಾಗಿದ್ದರೆ ಅಕ್ಷರವನ್ನು ಎರಡು ಸಲ ಬರೆಯುತ್ತಾರೆ. ಈ ಹೆಸರಿನ ಕೊನೆಯಲ್ಲಿ ಒಂದೇ ಇದೆ, ಆದ್ದರಿಂದ ಅದು ಹ್ರಸ್ವ. ಒತ್ತು ಯಾವಾಗಲೂ ಮೊದಲ ಅಕ್ಷರದ ಮೇಲೆ ಬೀಳುತ್ತದೆ. ನಮ್ಮ ಹಾಗೆಯೇ ಅವರೂ ಬರೆದಂತೆ ಓದುವವರು. ಹ್ರಸ್ವ ಒಕಾರ, ದೀರ್ಘ ಓಕಾರ ಎರಡಕ್ಕೂ ಬೇರೆ ಬೇರೆ ಚಿಹ್ನೆ ಇರುವ ಕನ್ನಡದಲ್ಲಿ ‘ಐನೊ’ ಎಂದು ಕರಾರುವಾಕ್ಕಾಗಿ ಬರೆಯಬಹುದು. ಹಿಂದಿಯವರಿಗೆ ಆ ಸೌಲಭ್ಯವಿಲ್ಲ. ಇರುವ ಸೌಲಭ್ಯವನ್ನು ಬಿಟ್ಟು ‘ನೋ’ ಎಂದು ಎಳೆದರೆ ಹುಡುಗಿಯ ಹೆಸರು ಯಾರನ್ನೋ ಕೂಗಿ ಕರೆದಂತಾಗುತ್ತದೆ, ದೊಡ್ಡಮ್ಮನ ಗೊಂದಲವೂ ಖಾಯಂ ಆಗುತ್ತದೆ.

ಅರ್ಥ ಸೌಂದರ್ಯವಲ್ಲ. ಫಿನ್ನಿಷ್‌ನಲ್ಲಿ ‘ಐನೊಆ’ ಎಂದರೆ ಒಂದೇ ಒಂದು, ಏಕೈಕ ಎಂದರ್ಥ. ‘ಐನೊ’ ಅದರ ಹಾಡುರೂಪ. ಜನಪದ ಹಾಡುಗಳಲ್ಲಿ ಈ ಶಬ್ದ ಯಾರ ಹೆಸರೂ ಆಗಿರದೆ, ಒಬ್ಬಳೇ ಮಗಳು, ಒಬ್ಬಳೇ ತಂಗಿ ಎಂದು ಹೇಳುವ ವಿಶೇಷಣವಾಗಿ ಬರುತ್ತಿತ್ತು. ಅದನ್ನು ಒಬ್ಬ ಹುಡುಗಿಯ ಹೆಸರಾಗಿ ನಿಲ್ಲಿಸಿದವರು ಎಲಿಯಾಸ್ ಲೊನ್‌ರೂಟ್. ಅವರು ವೃತ್ತಿಯಿಂದ ವೈದ್ಯರು. 1828ರಿಂದ ಫಿನ್‌ಲೆಂಡ್-ರಷ್ಯಾ ಗಡಿಯ ಕರೇಲಿಯಾ ಸೀಮೆಯ ಹಳ್ಳಿಗಳನ್ನು ಸುತ್ತಿ, 1833ರಲ್ಲಿ ಉತ್ತರದ ಕಯಾನಿ ಎಂಬ ಊರಿಗೆ ಜಿಲ್ಲಾ ವೈದ್ಯರಾಗಿ ಹೋದ ಮೇಲೂ ಸುತ್ತಾಟ ಬಿಡದೆ, ಹಾಡುಗಾರರ ಬಾಯಿಂದ ಹಾಡುಗಳನ್ನು ಬರೆದುಕೊಂಡವರು. ಆ ಹಾಡುಗಳನ್ನು ಹೊಂದಿಸಿ ಅವರು ಕಟ್ಟಿದ ‘ಕಲೆವಲ’ ಕಾವ್ಯ 1835ರಲ್ಲಿ ಮೊದಲು ಪ್ರಕಟವಾಯಿತು. 1849ರಲ್ಲಿ 50 ಹಾಡುಗಳು, 22,795 ಸಾಲುಗಳ ವಿಸ್ತೃತ ರೂಪದಲ್ಲಿ ಬಂತು. ಐನೊಳ ಕಥೆ ಇಂದು ಎಲ್ಲರಿಗೂ ಗೊತ್ತಿರುವ ಆಕಾರವನ್ನು ಪಡೆದದ್ದು ಈ ಎರಡನೆಯ ರೂಪದಲ್ಲಿ. ಹೀಗಾಗಿ ‘ಪುರಾತನ’ ಎಂಬ ಮಾತೂ ನಿಲ್ಲುವುದಿಲ್ಲ: ಶಬ್ದ ಹಳೆಯದು, ಹಾಡು ಹಳೆಯದು, ಹೆಸರು ಮಾತ್ರ ಹತ್ತೊಂಬತ್ತನೆಯ ಶತಮಾನದ್ದು.

ದೇವತೆ ಎಂಬುದು ಎಲ್ಲಿಂದ ಬಂತೆಂದು ಊಹಿಸಬಲ್ಲೆ, ಏಕೆಂದರೆ ಕಥೆಯಲ್ಲಿ ನೀರಿದೆ. ಯೌಕಹಾಯ್ನೆನ್ ಎಂಬ ಹುಮ್ಮಸ್ಸಿನ ತರುಣ, ವೈನಮೊಯ್ನೆನ್ ಎಂಬ ವೃದ್ಧ ಗಾಯಕನೊಡನೆ ಹಾಡಿನ ಪಂಥಕ್ಕಿಳಿದು ಸೋಲುತ್ತಾನೆ. ಮುದುಕ ಹಾಡುತ್ತ ಹೋದಂತೆ ತರುಣ ಜೌಗುನೆಲದಲ್ಲಿ ಹೂತುಹೋಗುತ್ತಾನೆ. ಪ್ರಾಣ ಉಳಿಸಿಕೊಳ್ಳಲು ತನ್ನ ತಂಗಿಯನ್ನೇ ಕೊಡುವುದಾಗಿ ಮಾತು ಕೊಡುತ್ತಾನೆ. ಹೆಸರಾಂತ ಗಾಯಕ ಅಳಿಯನಾಗುತ್ತಾನೆಂದು ತಾಯಿಗೆ ಸಂತೋಷ. ಮಗಳಿಗೆ ಅಳು. ಕಣಜದಲ್ಲಿರುವ ಒಳ್ಳೆಯ ಬಟ್ಟೆ ಒಡವೆಗಳನ್ನು ತೊಟ್ಟುಕೊಂಡು ಬಾ ಎಂದು ತಾಯಿ ಕಳಿಸಿದರೆ, ಅವಳು ಅವನ್ನು ತೊಟ್ಟು ಕಾಡಿನಲ್ಲಿ ಅಲೆದು ದಡ ಸೇರಿ, ಎಲ್ಲವನ್ನೂ ಕಳಚಿಟ್ಟು ನೀರಿಗಿಳಿದು ಬಂಡೆಯೊಂದನ್ನು ಹತ್ತುತ್ತಾಳೆ. ಬಂಡೆ ಮುಳುಗುತ್ತದೆ, ಅವಳೂ ಮುಳುಗುತ್ತಾಳೆ. ತಾಯಿ ಅತ್ತ ಕಣ್ಣೀರು ಮೂರು ಹೊಳೆಗಳಾಗಿ ಹರಿಯುತ್ತದೆ, ಆ ಹೊಳೆಗಳ ನಡುವೆ ಬೆಳೆದ ಬರ್ಚ್ ಮರಗಳ ಮೇಲೆ ಮೂರು ಕೋಗಿಲೆಗಳು ಕೂಗುತ್ತವೆ. ಮನಸ್ಸಿಲ್ಲದ ಮಗಳನ್ನು ಮದುವೆಗೆ ಒತ್ತಾಯಿಸಬೇಡಿ ಎಂದು ಆ ತಾಯಿ ಇತರ ತಾಯಂದಿರಿಗೆ ಹೇಳಿಕೊಂಡು ಅಳುತ್ತಾಳೆ. ಮುಂದಿನ ಹಾಡಿನಲ್ಲಿ ವೈನಮೊಯ್ನೆನ್ ಗಾಳಕ್ಕೆ ಸಿಕ್ಕಿದ ವಿಚಿತ್ರ ಮೀನೊಂದನ್ನು ಕತ್ತರಿಸಹೊರಟಾಗ ಅದು ನೀರಿಗೆ ನೆಗೆದು, ತಾನು ನಿನ್ನ ಊಟವಾಗಲು ಬಂದವಳಲ್ಲ, ಐನೊ ಎಂದು ಹೇಳಿ ಮಾಯವಾಗುತ್ತದೆ. ಜಲದೇವತೆ ಬೇರೆ ಇದ್ದಾಳೆ, ಅವಳ ಹೆಸರು ವೆಲ್ಲಮೊ. ಐನೊ ಅವಳ ಮನೆ ಸೇರಿದ ಮನುಷ್ಯರ ಹುಡುಗಿ. ಹಳೆಯ ಹಾಡುಗಳಲ್ಲಂತೂ ನೇಣಿಗೆ ಶರಣಾದ ಹುಡುಗಿಯ ಕಥೆಯೇ ಬೇರೆ, ಮೀನಿನ ಕಥೆಯೇ ಬೇರೆ ಆಗಿದ್ದವು; ಎರಡನ್ನೂ ಬೆಸೆದು ನೇಣನ್ನು ನೀರಾಗಿಸಿದ್ದು ಲೊನ್‌ರೂಟ್ ಕೈ.

ಈ ಕಥೆಯನ್ನು ಅಳಿಯಂದಿರು ಫೋನಿನಲ್ಲಿ ಹೇಳಿದಾಗ ನನಗೆ ಸ್ವಲ್ಪ ಕಳವಳವಾದದ್ದು ನಿಜ. ಮುಳುಗಿದವಳ ಹೆಸರನ್ನು ಮಗುವಿಗೆ ಇಡುವುದೇ, ಅದೂ ತುಂಗೆಯ ಹೆಸರಿನ ಪಕ್ಕದಲ್ಲಿ? ಆದರೆ ನಾನು ಓದಿದ ಶಾಲೆಯಲ್ಲಿ ತರಗತಿಗೊಬ್ಬಳಾದರೂ ರೇಣುಕಾ ಇರುತ್ತಿದ್ದಳು. ಗಂಡನ ಮಾತಿಗೆ ಮಗನೇ ತಲೆ ಕಡಿದ ತಾಯಿಯ ಹೆಸರದು. ಆ ತಾಯಿ ಸೊರಬ ತಾಲ್ಲೂಕಿನ ಚಂದ್ರಗುತ್ತಿಯ ಗುಡ್ಡದ ಮೇಲೆ ರೇಣುಕಾಂಬೆಯಾಗಿ ಕುಳಿತಿದ್ದಾಳೆ. ಆ ಕೊಡಲಿಯನ್ನು ಪರಶುರಾಮ ತೊಳೆದ ಜಾಗವೆಂದೇ ತೀರ್ಥಹಳ್ಳಿಯ ತುಂಗೆಯಲ್ಲಿ ಎಳ್ಳಮಾವಾಸ್ಯೆಗೆ ಜನ ಮೀಯುತ್ತಾರೆ. ನಮ್ಮ ಸೀಮೆಯಲ್ಲಿ ಆ ಹೆಸರಿಡುವಾಗ ಯಾರೂ ಕೊಡಲಿಯನ್ನು ನೆನೆಯುವುದಿಲ್ಲ. ಅಣ್ಣನಿಗೆ ಇದನ್ನು ಹೇಳಿದೆ. ಅವನಿಗೆ ಮುಳುಗುವಿಕೆಗಿಂತ ಹೆಸರಿನ ಅರ್ಥವೇ ನಾಟಿತ್ತು. ‘ಒಬ್ಬಳೇ ಮಗಳು ಅಂತಲಾ? ಹಾಗಾದರೆ ಅದು ಇವಳ ಅಮ್ಮನಿಗೆ ಇಡಬೇಕಿದ್ದ ಹೆಸರು’ ಎಂದು ತೋಟದ ಕಡೆ ನಡೆದ.

ಫಿನ್ನರು ಈ ಹೆಸರನ್ನು ಎತ್ತಿಕೊಂಡದ್ದು ದುಃಖಕ್ಕಾಗಿ ಅಲ್ಲ, ಭಾಷೆಗಾಗಿ. 1809ರ ವರೆಗೆ ಅವರು ಸ್ವೀಡನ್ನಿನ ಆಳ್ವಿಕೆಯಲ್ಲಿದ್ದರು, ಬಳಿಕ 1917ರ ವರೆಗೆ ರಷ್ಯಾದ ಚಕ್ರವರ್ತಿಯ ಅಡಿಯಲ್ಲಿ. ಕಚೇರಿಯ, ಓದಿದವರ ಭಾಷೆ ಸ್ವೀಡಿಷ್ ಆಗಿದ್ದು, ಚರ್ಚಿನ ದಫ್ತರಗಳಲ್ಲಿ ಫಿನ್ನಿಷ್ ಮಾತಾಡುವವರ ಹೆಸರುಗಳೂ ಸ್ವೀಡಿಷ್ ರೂಪದಲ್ಲೇ ದಾಖಲಾಗುತ್ತಿದ್ದವು. 1863ರ ರಾಜಾಜ್ಞೆಯಿಂದ ಫಿನ್ನಿಷ್‌ಗೆ ಆಡಳಿತದಲ್ಲಿ ಸ್ಥಾನ ದೊರೆಯುವ ದಾರಿ ತೆರೆಯಿತು. ಭಾಷಾಭಿಮಾನದ ಕುಟುಂಬಗಳು ಐನೊ, ವೈನೊ, ಇಲ್ಮರಿ, ತಪಿಯೊ ಮುಂತಾದ ಹೆಸರುಗಳನ್ನು ಮಕ್ಕಳಿಗೆ ಇಡತೊಡಗಿದವು. ಅಂಥ ಮನೆಯೊಂದರಲ್ಲಿ 1871ರಲ್ಲಿ ಹುಟ್ಟಿದ ಐನೊ ಯಾರ್ನೆಫೆಲ್ಟ್ ಮುಂದೆ ಸಂಗೀತಗಾರ ಯಾನ್ ಸಿಬೇಲಿಯಸ್ ಅವರನ್ನು ಮದುವೆಯಾದರು. 1904ರಲ್ಲಿ ಅವರು ಸೇರಿದ ಯಾರ್ವೆನ್‌ಪಾದ ಮನೆಗೆ ‘ಐನೊಲ’ ಎಂದು ಹೆಸರಾಯಿತು, ಅಂದರೆ ಐನೊಳ ಮನೆ. ಆಕೆಗೆ ಅಣ್ಣತಮ್ಮಂದಿರಿದ್ದರು, ಒಂಟಿ ಮಗುವಾಗಿರಲಿಲ್ಲ; ಅಷ್ಟು ಹೊತ್ತಿಗೇ ವಿಶೇಷಣ ಸವೆದು ಹೆಸರು ಉಳಿದಿತ್ತು. ಆಕ್ಸೆಲಿ ಗಾಲೆನ್ ಕಲ್ಲೆಲ 1891ರಲ್ಲಿ ಮೂರು ಫಲಕಗಳಲ್ಲಿ ಬರೆದ ಐನೊ ಚಿತ್ರ ಹೆಲ್ಸಿಂಕಿಯ ಅಟೇನಿಯಮ್ ಸಂಗ್ರಹಾಲಯದಲ್ಲಿದೆ. ವಿನ್ಯಾಸಕಿ ಐನೊ ಆಲ್ಟೊ 1932ರಲ್ಲಿ ರೂಪಿಸಿದ ಉಂಗುರದ ಗೆರೆಗಳ ಗಾಜಿನ ಲೋಟ ಇಂದಿಗೂ ಮಾರಾಟದಲ್ಲಿದೆ. ಅಂಥ ಎರಡು ಲೋಟಗಳು ನಮ್ಮ ಅಡುಗೆಮನೆಗೂ ಬಂದಿವೆ, ಕಷಾಯಕ್ಕೆ ಹೇಳಿಮಾಡಿಸಿದಂತಿವೆ.

ಇಪ್ಪತ್ತನೆಯ ಶತಮಾನದ ಮೊದಲ ದಶಕಗಳಲ್ಲಿ ಮನೆಮನೆಯಲ್ಲಿದ್ದ ಈ ಹೆಸರು ನಡುವೆ ಅಜ್ಜಿಯಂದಿರ ಹೆಸರೆನಿಸಿ ಹಿಂದೆ ಸರಿದಿತ್ತು. ಈಚಿನ ವರ್ಷಗಳಲ್ಲಿ ಮೊಮ್ಮಕ್ಕಳ, ಮರಿಮಕ್ಕಳ ಹೆಸರಾಗಿ ಮರಳಿದೆ. ಅಲ್ಲಿಯ ಪಂಚಾಂಗದಲ್ಲಿ ಪ್ರತಿ ಹೆಸರಿಗೂ ಒಂದು ದಿನ ಗೊತ್ತಾಗಿದ್ದು, ಐನೊಗೆ ಮೇ 10. ಆ ದಿನ ಕಾಫಿ, ಏಲಕ್ಕಿ ಹಾಕಿದ ಪುಲ್ಲ ಎಂಬ ಬನ್ನು. ಏಲಕ್ಕಿ ಎಂದ ಕೂಡಲೆ ನಮ್ಮ ಅತ್ತಿಗೆಗೆ ಆ ದೇಶದ ಮೇಲೆ ಪ್ರೀತಿ ಹುಟ್ಟಿತು. ಮಗುವಿನ ಹೆಸರನ್ನು ನಾಮಕರಣದ ದಿನದವರೆಗೆ ಯಾರಿಗೂ ಹೇಳದಿರುವ ರೂಢಿಯೂ ಅವರಲ್ಲಿದೆ. ನಮ್ಮಲ್ಲಿ ಅಕ್ಕಿಯ ಮೇಲೆ ಉಂಗುರದಿಂದ ಬರೆಯುವ ಮೊದಲೇ ಐವತ್ತು ಕರೆಯೋಲೆಗಳಲ್ಲಿ ಹೆಸರು ಊರೆಲ್ಲ ಸುತ್ತಿ ಬಂದಿತ್ತು.

ನಕ್ಷತ್ರದ ವಿಷಯದಲ್ಲಿ ಅಂಗಡಿಯವರು ಮಾಡಿದ್ದು ತಿರುಗುಮುರುಗು ಕೆಲಸ. ಹುಟ್ಟಿದ ಹೊತ್ತಿನ ಚಂದ್ರನಿಂದ ನಕ್ಷತ್ರ ಸಿಗುತ್ತದೆ, ನಕ್ಷತ್ರದ ಪಾದದಿಂದ ಹೆಸರಿನ ಅಕ್ಷರ. ಇವರು ಅಕ್ಷರದಿಂದ ನಕ್ಷತ್ರಕ್ಕೆ ಹೊರಟಿದ್ದಾರೆ. ನಮ್ಮ ಭಟ್ಟರು ಎಸ್ಪೊದ ಗಡಿಯಾರಕ್ಕೆ ಮೂರೂವರೆ ಗಂಟೆ ಕೂಡಿಸಿ, ಅದು ಚಳಿಗಾಲದ ಸಮಯವೇ ಎಂದು ಎರಡು ಸಲ ಕೇಳಿ ಖಚಿತಪಡಿಸಿಕೊಂಡು, ರೇವತಿ ಎಂದು ಬರೆದುಕೊಟ್ಟಿದ್ದರು. ಆ ಚೀಟಿಯನ್ನು ಕೇಳುವ ಗೋಜಿಗೇ ಅಂಗಡಿಯವರು ಹೋಗಲಿಲ್ಲ.

ಹಾಳೆಯನ್ನು ಹಿಂದಕ್ಕೆ ಒಯ್ದಾಗ ಗಣಕದ ಮುಂದಿದ್ದ ಹುಡುಗ ವಾದಿಸಲಿಲ್ಲ. ಅರ್ಥಗಳನ್ನು ಅಂತರಜಾಲದಲ್ಲಿ ಸಿಕ್ಕ ಪಟ್ಟಿಗಳಿಂದ ತೆಗೆಯುತ್ತೇವೆ ಎಂದು ನೇರವಾಗಿ ಒಪ್ಪಿಕೊಂಡ. ನಾನು ಕೈಯಲ್ಲಿ ಬರೆದುಕೊಟ್ಟ ನಾಲ್ಕು ಸಾಲುಗಳನ್ನು ಟೈಪು ಮಾಡಿ, ಹ್ರಸ್ವ ಒಕಾರವನ್ನು ನನ್ನಿಂದಲೇ ಓದಿಸಿ ನೋಡಿ, ಅದೇ ಚೌಕಟ್ಟಿಗೆ ಹೊಸ ಹಾಳೆ ಹಾಕಿಕೊಟ್ಟ. ಹಣ ತೆಗೆದುಕೊಳ್ಳಲಿಲ್ಲ. ಅದೃಷ್ಟಸಂಖ್ಯೆಯ ಜಾಗದಲ್ಲಿ ‘ಹೆಸರಿನ ದಿನ: ಮೇ 10’ ಎಂದು ಹಾಕಿಸಿದೆ.

ಈ ಸೇವೆಗೆ ಐದರಲ್ಲಿ ಮೂರು ನಕ್ಷತ್ರ ಕೊಡುತ್ತೇನೆ. ನಕ್ಷತ್ರ ಕೊಡುವುದರಲ್ಲಿ ಅವರಿಗಿಂತ ನಾನು ಎಚ್ಚರಿಕೆಯವಳು. ಚೌಕಟ್ಟು, ಕಾಗದ, ನಡವಳಿಕೆಗೆ ಪೂರ್ಣ ಅಂಕ. ಬರಹವನ್ನು ಅವರ ಮೇಲೆ ಬಿಡದೆ ನೀವೇ ಬರೆದುಕೊಂಡು ಹೋಗಬೇಕು, ಮುದ್ರಣಕ್ಕೆ ಮೊದಲು ಕರಡನ್ನು ಕೇಳಿ ನೋಡಬೇಕು, ಪರಭಾಷೆಯ ಹೆಸರಾದರೆ ಅದನ್ನು ಇಟ್ಟವರ ಬಾಯಲ್ಲಿ ಒಮ್ಮೆ ಕೇಳಿಸಿಕೊಳ್ಳಬೇಕು. ಹಾಗೆ ಮಾಡಿದರೆ 650 ರೂಪಾಯಿ ದುಬಾರಿಯಲ್ಲ. ಎರಡನೆಯ ಹಾಳೆ ಈಗ ಜಗಲಿಯ ಗೋಡೆಯಲ್ಲಿದೆ. ಮೊದಲ ಹಾಳೆಯ ಹಿಂಬದಿಯಲ್ಲಿ ಅತ್ತಿಗೆ ಕೊನೆಕೊಯ್ಲಿನ ಆಳುಗಳ ಲೆಕ್ಕ ಬರೆಯುತ್ತಿದ್ದಾರೆ. ಕಾಗದ ಅಷ್ಟು ಗಟ್ಟಿಯಾಗಿರುವುದರಿಂದ ಶಾಯಿ ಹರಡುವುದಿಲ್ಲವಂತೆ.