ಭಾವನ ನಿರೀಕ್ಷಣಾ ಜಾಮೀನು ಮಾಡಿಸಿದ ವಕೀಲರ ಆಫೀಸು: 5ಕ್ಕೆ 4

ಶಿವಮೊಗ್ಗ ಕೋರ್ಟ್ ಹತ್ತಿರ, ಜೆರಾಕ್ಸ್ ಅಂಗಡಿ ಮೇಲಿನ ಮಹಡಿ. ಹೆಸರು ಹಾಕುವುದಿಲ್ಲ, ಕೇಸು ಇನ್ನೂ ನಡೆಯುತ್ತಿದೆ.

ಭಾವ ಹೊಸನಗರ ಕಡೆ ಒಂದು ಸಹಕಾರ ಸಂಘದಲ್ಲಿ ಕಾರ್ಯದರ್ಶಿ. ಗೊಬ್ಬರದ ದಾಸ್ತಾನಿನಲ್ಲಿ 11 ಲಕ್ಷ ಕಡಿಮೆ ಅಂತ ಆಡಿಟ್‌ನಲ್ಲಿ ಬರೆದರು. ಅಡಿಕೆ ಕೊಯ್ಲಾದ ಮೇಲೆ ಕೊಡುತ್ತೇವೆ ಅಂತ ಚೀಲ ಒಯ್ದವರು ಈಗ ಯಾರೂ ಬಾಯಿ ಬಿಡುತ್ತಿಲ್ಲ. ಎಫ್‌ಐಆರ್ ಆಯಿತು, ಕಲಂ 409 (ನಂಬಿಕೆ ದ್ರೋಹ) ಮತ್ತು 420 (ವಂಚನೆ). 409ಕ್ಕೆ ಜೀವಾವಧಿವರೆಗೂ ಶಿಕ್ಷೆ ಇದೆ ಅಂತ ಗೊತ್ತಾದಾಗ ಅಕ್ಕ ಎರಡು ದಿನ ಊಟ ಮಾಡಲಿಲ್ಲ.

ಮೊದಲು ಬೇರೊಬ್ಬ ವಕೀಲರ ಹತ್ತಿರ ಹೋಗಿದ್ದೆವು. ಕಾಗದ ಬಿಚ್ಚಿ ನೋಡುವ ಮೊದಲೇ 'ಗ್ಯಾರಂಟಿ ಬೇಲ್, 50 ಸಾವಿರ ಇಟ್ಟುಹೋಗಿ' ಅಂದರು. ಎದ್ದು ಬಂದೆವು.

ಇವರು ಹಾಗಲ್ಲ. ಕೂತ ತಕ್ಷಣ ಕೇಳಿದ್ದು 'ದಾಸ್ತಾನು ಪುಸ್ತಕದ ನಕಲು ತಂದಿದ್ದೀರಾ?' ಅಂತ. ಮರದ ಸ್ಕೇಲ್ ಇಟ್ಟುಕೊಂಡು ಒಂದೊಂದೇ ಸಾಲು ಕೆಳಗೆ ಜಾರಿಸುತ್ತಾ ಹೋದರು, ಮೂರು ಕಡೆ ನಿಂತರು, ಪೆನ್ಸಿಲ್‌ನಲ್ಲಿ ಚುಕ್ಕೆ ಇಟ್ಟರು. 'ಇಲ್ಲಿ ಒಯ್ದವರ ಸಹಿ ಯಾಕಿಲ್ಲ?' ಭಾವ ಫ್ಯಾನ್ ನೋಡುತ್ತಾ ಕೂತರು. ಅರ್ಧ ಗಂಟೆ ಹೀಗೇ. ಹೊರಗೆ ಬಂದ ಮೇಲೆ ಭಾವನಿಗೆ ಸಿಟ್ಟು, 'ಇವರು ನಮ್ಮ ಕಡೆಯವರೋ ಪೊಲೀಸರ ಕಡೆಯವರೋ?' ನನಗೆ ಮಾತ್ರ ಅಲ್ಲೇ ನಂಬಿಕೆ ಬಂತು.

ವಿಷಯ ಬಿಡಿಸಿ ಹೇಳುವುದರಲ್ಲಿ ಇವರಿಗೆ ಪೂರ್ತಿ ಅಂಕ. ಏಳು ವರ್ಷದವರೆಗಿನ ಶಿಕ್ಷೆಯ ಕೇಸಾದರೆ ಸುಪ್ರೀಂ ಕೋರ್ಟಿನ 2014ರ ಅರ್ನೇಶ್ ಕುಮಾರ್ ತೀರ್ಪು ಇದೆ, ಪೊಲೀಸರು ಸುಮ್ನೆ ಎತ್ತಿಕೊಂಡು ಹೋಗುವ ಹಾಗಿಲ್ಲ. 409ಕ್ಕೆ ಆ ಆಸರೆ ಇಲ್ಲ, ಅದಕ್ಕೇ ನಿರೀಕ್ಷಣಾ ಜಾಮೀನು, ಅಂದರೆ ಬಂಧನಕ್ಕೆ ಮೊದಲೇ ಜಾಮೀನು, ಕೇಳಿ ಸೆಷನ್ಸ್ ಕೋರ್ಟ್. ಅಲ್ಲಿ ಆಗದಿದ್ದರೆ ಬೆಂಗಳೂರಿನ ಹೈಕೋರ್ಟ್. ತಮಾಷೆ ಏನೆಂದರೆ ಆರೋಪ 2024ರ ಜುಲೈಗಿಂತ ಹಿಂದಿನದು, ಹಾಗಾಗಿ ಅಪರಾಧದ ಕಲಂ ಹಳೆಯ ದಂಡಸಂಹಿತೆ ಐಪಿಸಿಯದು, ಅರ್ಜಿ ಮಾತ್ರ ಆ ಜುಲೈನಿಂದ ಜಾರಿಗೆ ಬಂದ ಹೊಸ ಪ್ರಕ್ರಿಯಾ ಕಾನೂನು ಬಿಎನ್‌ಎಸ್‌ಎಸ್ 482ರಲ್ಲಿ. ಹಿಂದಿನ ಪ್ರಕ್ರಿಯಾ ಕಾನೂನಿನಲ್ಲಿ ಇದೇ 438 ಆಗಿತ್ತು.

ದುಡ್ಡಿನ ಕೇಸಲ್ಲಿ ಈ ಜಾಮೀನು ಸಲೀಸಲ್ಲ ಅಂತ ಮೊದಲೇ ಹೇಳಿದ್ದರು. 2019ರಲ್ಲಿ ಮಾಜಿ ಹಣಕಾಸು ಸಚಿವ ಚಿದಂಬರಂ ಅವರಿಗೇ ಸುಪ್ರೀಂ ಕೋರ್ಟ್ ಕೊಡಲಿಲ್ಲ. 'ಹಣ ಎಲ್ಲಿ ಹೋಯಿತು ಅಂತ ವಶಕ್ಕೆ ತೆಗೆದುಕೊಂಡೇ ಕೇಳಬೇಕು ಅಂತ ಸರ್ಕಾರಿ ವಕೀಲರು ತಕರಾರು ಹಾಕುತ್ತಾರೆ ನೋಡಿ' ಅಂದಿದ್ದರು. ಹಾಗೇ ಹಾಕಿದರು. ಇವರ ಉತ್ತರ ಚಿಕ್ಕದು: ಪುಸ್ತಕಗಳೆಲ್ಲ ಇಲಾಖೆಯ ಕೈಯಲ್ಲೇ ಇವೆ, ಇರುವುದೆಲ್ಲ ಕಾಗದದ ಸಾಕ್ಷಿ, ಮನುಷ್ಯನನ್ನು ಒಳಗಿಟ್ಟು ಹೊಸದಾಗಿ ತೆಗೆಯುವುದು ಏನಿದೆ?

ಅಕ್ಕ ಬಳೆ ಅಡ ಇಟ್ಟು ಒಂದಿಷ್ಟು ಕೋರ್ಟಿಗೆ ಕಟ್ಟುತ್ತೇನೆ ಅಂದಳು. 'ನೋಡಮ್ಮ, ಬಳೆ ಕೈಯಲ್ಲೇ ಇರಲಿ' ಅಂದರು. 2023ರ ರಮೇಶ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆಯಂತೆ, ವಂಚನೆ ಆರೋಪ ಇದೆ ಅಂತ ಆ ಹಣ ಕಟ್ಟಿಸಿಕೊಂಡು ಜಾಮೀನು ಕೊಡುವುದು ಸರಿಯಲ್ಲ ಅಂತ. ಆದರೆ ಅದೇ ತೀರ್ಪಲ್ಲಿ ಇನ್ನೊಂದು ಮಾತೂ ಇದೆ, ಸಾರ್ವಜನಿಕ ಹಣದ ಆರೋಪದಲ್ಲಿ ಆರೋಪಿ ತಾನಾಗಿಯೇ ಕಟ್ಟುತ್ತೇನೆ ಅಂದರೆ ಕೋರ್ಟ್ ಅದನ್ನು ಪರಿಗಣಿಸಬಹುದು. ಅಂದರೆ ಕಟ್ಟುತ್ತೇವೆ ಅಂತ ನಾವೇ ಬಾಯಿಬಿಟ್ಟರೆ ಸಿಕ್ಕಿಬಿದ್ದ ಹಾಗೆ, ಅಲ್ವಾ? ಇದನ್ನು ಆ ಮೊದಲಿನವರು ಹೇಳುತ್ತಿದ್ದರಾ, ಅನುಮಾನ.

ಈಗ ಕೊರತೆ. ಅರ್ಜಿ ಹಾಕಿ ಆದೇಶ ಬರುವವರೆಗೆ 12 ದಿನ, ಅಲ್ಲಿಯವರೆಗೆ ಬಂಧಿಸಬೇಡಿ ಅನ್ನುವ ಮಧ್ಯಂತರ ರಕ್ಷಣೆಯೂ ಸಿಗಲಿಲ್ಲ. ಅದು ಇವರ ತಪ್ಪಲ್ಲ, ಒಪ್ಪುತ್ತೇನೆ. ಆದರೆ ಆ 12 ದಿನ ಫೋನ್ ಎತ್ತಲಿಲ್ಲ ನೋಡಿ, ಅದಕ್ಕೆ ಕ್ಷಮೆ ಇಲ್ಲ. ತಲೆಮರೆಸಿಕೊಳ್ಳಬೇಡಿ, ಅದನ್ನೇ ಕೋರ್ಟಲ್ಲಿ ಹೇಳುತ್ತಾರೆ ಅಂತ ಇವರೇ ಹೇಳಿದ್ದರಿಂದ ಭಾವ ಮನೆಯಲ್ಲೇ ಇದ್ದರು. ಮಳೆಯಲ್ಲಿ ಘಾಟಿ ಹತ್ತುವ ಪ್ರತಿ ಜೀಪಿನ ಸದ್ದಿಗೂ ಎದ್ದು ಕೂರುತ್ತಿದ್ದರು. ಗುಮಾಸ್ತರು ಟೈಪಿಂಗ್, ನಕಲು, ಅದು ಇದು ಅಂತ ಮೂರು ಸಲ ದುಡ್ಡು ಕೇಳಿದರು, ಒಂದಕ್ಕೂ ಚೀಟಿ ಇಲ್ಲ. ಚೀಟಿ ಇಲ್ಲದೆ ಗೊಬ್ಬರ ಕೊಟ್ಟೇ ತಾನೇ ನಾವು ಇಲ್ಲಿಗೆ ಬಂದಿದ್ದು!

ಆದೇಶ ಬಂತು. ಒಂದು ಲಕ್ಷದ ಬಾಂಡ್, ಒಬ್ಬ ಜಾಮೀನುದಾರ, ತನಿಖಾಧಿಕಾರಿ ಕರೆದಾಗ ಹೋಗಬೇಕು, ಸಾಕ್ಷಿಗಳ ತಂಟೆಗೆ ಹೋಗಬಾರದು. ಚಾರ್ಜ್‌ಶೀಟ್ ಆದ ಮೇಲೆ ಮತ್ತೆ ಒಳಗೆ ಹಾಕುತ್ತಾರಾ ಅಂತ ಅಕ್ಕ ಕೇಳಿದಳು. ಷರತ್ತು ಮುರಿಯದಿದ್ದರೆ ಸಾಮಾನ್ಯವಾಗಿ ವಿಚಾರಣೆ ಮುಗಿಯುವವರೆಗೂ ಇರುತ್ತದೆ, 2020ರಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠವೇ ಹೇಳಿದೆ ಅಂದರು. 'ಆದರೆ ನಿಂತಿದ್ದು ಬಂಧನ, ಕೇಸಲ್ಲ' ಅಂತ ಭಾವನ ಕಡೆ ತಿರುಗಿ ಸೇರಿಸಿದರು. ಸ್ವೀಟ್ ಬಾಕ್ಸ್ ಹಿಡಿದುಕೊಂಡಿದ್ದ ಭಾವನ ಮುಖ ಸಣ್ಣಗಾಯಿತು.

ಹೋಗುವವರು ಸಂಜೆ 6ರ ಮೇಲೆ ಹೋಗಿ, ಜಾಮೀನುದಾರರ ಪಹಣಿ, ಆಧಾರ್ ಮೊದಲೇ ತೆಗೆದಿಟ್ಟುಕೊಳ್ಳಿ. ಬಾಗಿಲ ಹತ್ತಿರ ಬಕೆಟಲ್ಲಿ ಎಲ್ಲರ ಛತ್ರಿ ಒಟ್ಟಿಗೆ ಇಡಿಸುತ್ತಾರೆ. ನನ್ನದು ಅಲ್ಲೇ ಅದಲುಬದಲಾಗಿದೆ, ಕಡ್ಡಿ ಮುರಿದದ್ದು ಒಂದು ನನ್ನ ಹತ್ತಿರ ಇದೆ. ಯಾರದ್ದಾದರೂ ಇದ್ದರೆ ಹೇಳಿ.