ವಲಿಯಪರಂಬ ಹೌಸ್‌ಬೋಟ್: ಊಟ ಚೆನ್ನಾಗಿತ್ತು, ಮಕ್ಕಳ ಲೈಫ್ ಜಾಕೆಟ್ ಇರಲಿಲ್ಲ

ಐದರಲ್ಲಿ ಮೂರು ಸ್ಟಾರ್. ಊಟಕ್ಕೆ, ಬೋಟಿನ ಚೊಕ್ಕತನಕ್ಕೆ ಐದೂ ಕೊಡಬಹುದಿತ್ತು. ಕಡಿಮೆ ಮಾಡಿದ್ದು ಒಂದೇ ಕಾರಣಕ್ಕೆ, ಮಕ್ಕಳ ಅಳತೆಯ ಜಾಕೆಟ್ ಬೋಟಿನಲ್ಲಿ ಒಂದೂ ಇರಲಿಲ್ಲ. ಹೆಸರು ಬರೆಯುವುದಿಲ್ಲ, ಯಾವ ಬೋಟಾದರೂ ಕೇಳಲೇಬೇಕಾದ ವಿಷಯ ಇದು.

ಕಾಸರಗೋಡಿನ ಬದಿಯಡ್ಕದಿಂದ ಎರಡು ಮನೆಯವರು ಮಕ್ಕಳನ್ನು ಕಟ್ಟಿಕೊಂಡು ಹೋಗಿದ್ದೆವು. ನೀಲೇಶ್ವರದ ಕೊಟ್ಟಪ್ಪುರಂನಿಂದ ಹೊರಟು, ವಲಿಯಪರಂಬ ಹಿನ್ನೀರಲ್ಲಿ ಸುತ್ತಾಡಿಸಿ, ಸಂಜೆ ವಾಪಸ್ ಬಿಡುವ ಟ್ರಿಪ್. ಜಾಕೆಟ್ ಕೊಡಿ ಅಂದಾಗ ಮೇಲಿನ ಡೆಕ್ಕಿನ ಬೆಂಚಿನಡಿಯಿಂದ ಒಂದು ಕಟ್ಟು ಎಳೆದರು. ಹಗ್ಗದ ಗಂಟು ಎಷ್ಟು ಬಿಗಿ ಅಂದರೆ ಬಿಚ್ಚಲಿಕ್ಕೆ ಅಡುಗೆಯವರ ಕತ್ತಿ ಬೇಕಾಯ್ತು. ಬೋಟು ವಾಲಿದ ಹೊತ್ತಲ್ಲಿ ಕತ್ತಿ ಹುಡುಕಲಿಕ್ಕಾಗುತ್ತದಾ?

ಎಲ್ಲವೂ ದೊಡ್ಡವರ ಸೈಜ್. ನನ್ನ ಮಗಳು ಒಂದನೇ ಕ್ಲಾಸು, ತೂಕ 17 ಕಿಲೋ. ಅವಳಿಗೆ ಒಂದನ್ನು ಹಾಕಿ, ಪಟ್ಟಿಗಳನ್ನೆಲ್ಲ ಬಿಗಿದು, ಭುಜದ ಹತ್ತಿರ ಎರಡೂ ಕಡೆ ಹಿಡಿದು ಮೇಲೆತ್ತಿದೆ. ಜಾಕೆಟ್ ಮಾತ್ರ ಕಿವಿಯವರೆಗೆ ಬಂತು, ಮಗು ನಿಂತಲ್ಲೇ ಇತ್ತು. ನೀರಿಗೆ ಬಿದ್ದರೂ ಹೀಗೇ ಆಗುವುದು, ಜಾಕೆಟ್ ತೇಲುತ್ತದೆ, ಮಗು ಅದರೊಳಗಿಂದ ಜಾರಿ ಹೋಗುತ್ತದೆ. ಈ ಪರೀಕ್ಷೆಗೆ ಅರ್ಧ ನಿಮಿಷ ಸಾಕು, ದಯವಿಟ್ಟು ಎಲ್ಲರೂ ಮಾಡಿ.

ಬುಕ್ಕಿಂಗ್ ನೋಡಿಕೊಳ್ಳುವ ಹುಡುಗ "ಇಲ್ಲಿ ಅಷ್ಟೇನೂ ಆಳ ಇಲ್ಲ, ನಿಮ್ಮ ಎದೆಮಟ್ಟ ಅಷ್ಟೇ" ಅಂದ. ನನ್ನ ಎದೆಮಟ್ಟ ಅಂದರೆ ಮಗಳಿಗೆ ತಲೆಯ ಮೇಲೆ ನೀರು. ಬೋಟು ಓಡಿಸುವ ಹಿರಿಯರು ಮಾತ್ರ ವಾದ ಮಾಡಲಿಲ್ಲ. "ಮಕ್ಕಳದ್ದು ತರಿಸ್ತೇನೆ, ಅಲ್ಲಿವರೆಗೆ ಬೋಟು ಬಿಡುವುದಿಲ್ಲ" ಅಂತ ಫೋನ್ ಮಾಡಿ ಬೇರೆ ಬೋಟಿನಿಂದ ತರಿಸಿದರು. ಹೊರಡುವಾಗ ತಡ ಆಯ್ತು, ಆಗಲಿ. ಮೂರನೇ ಸ್ಟಾರ್ ಅವರದ್ದೇ.

ಬಂದ ಜಾಕೆಟ್‌ಗಳು ಒಳ್ಳೆಯವು. ಕಾಲಿನ ಸಂದಿಯಿಂದ ತಂದು ಮುಂದೆ ಹಾಕುವ ಪಟ್ಟಿ ಇತ್ತು, ಜಾಕೆಟ್ ಮೇಲೇರದಂತೆ ತಡೆಯುವುದು ಅದೇ. ತಲೆಯ ಹಿಂದೆ ದಪ್ಪ ಕಾಲರ್, ಅದರ ಮೇಲೆ ಹಿಡಿದೆತ್ತಲಿಕ್ಕೆ ಹಿಡಿ. ಒಳಗಿನ ಲೇಬಲ್‌ನಲ್ಲಿ ತೂಕ ಬರೆದಿರುತ್ತದೆ, ವಯಸ್ಸಿಗಿಂತ ಅದನ್ನೇ ನಂಬಿ. ಹೆಬ್ಬೆರಳಿನಿಂದ ಒತ್ತಿದಾಗ ಫೋಮ್ ಮತ್ತೆ ಉಬ್ಬದಿದ್ದರೆ ಬೇರೆ ಕೇಳಿ. ನಮ್ಮ ಜೊತೆಗಿದ್ದ ಕೂಸಿನ ಅಳತೆಯದ್ದು ಸಿಗಲೇ ಇಲ್ಲ, ಹಾಗಾಗಿ ಅತ್ತಿಗೆ ಅವನನ್ನೆತ್ತಿಕೊಂಡು ದಡದಲ್ಲೇ ಉಳಿದರು. ಬೇಜಾರಾಯ್ತು, ಆದರೆ ಅದೇ ಸರಿ. ಕೆಲವರು ಕೂಸನ್ನು ತಮ್ಮ ಜಾಕೆಟ್ಟಿನೊಳಗೇ ಸೇರಿಸಿ ಬಕಲ್ ಹಾಕುತ್ತಾರೆ, ಹಾಗೆ ಮಾಡಲೇಬೇಡಿ. ಈಜುಕೊಳದ ಗಾಳಿ ತುಂಬುವ ಟ್ಯೂಬೂ ಲೈಫ್ ಜಾಕೆಟ್ ಅಲ್ಲ.

ಇಷ್ಟೆಲ್ಲ ಯಾಕೆ ಅಂತ ಕೇಳುವವರಿಗೆ ತಾನೂರು ನೆನಪಿರಬೇಕಲ್ವಾ? 2023ರ ಮೇ 7ರ ಸಂಜೆ, ನಮ್ಮದೇ ಕೇರಳದ ಮಲಪ್ಪುರಂ ಜಿಲ್ಲೆಯಲ್ಲಿ ಜನ ಜಾಸ್ತಿ ತುಂಬಿದ ಟೂರಿಸ್ಟ್ ಬೋಟು ಮಗುಚಿ 22 ಮಂದಿ ತೀರಿಹೋದರು. ಅವರಲ್ಲಿ ಹೆಚ್ಚಿನವರು ಮಕ್ಕಳು. ಮರುವರ್ಷ ಜನವರಿಯಲ್ಲಿ ವಡೋದರಾದ ಹರ್ಣಿ ಕೆರೆಯಲ್ಲಿ ಸ್ಕೂಲ್ ಮಕ್ಕಳ ಬೋಟು ಮಗುಚಿತು. ಅದು ಕೆರೆ, ಸಮುದ್ರ ಅಲ್ಲ. ಅಮೆರಿಕದಲ್ಲಿ 13 ವರ್ಷದೊಳಗಿನ ಮಕ್ಕಳು ಚಲಿಸುವ ಬೋಟಿನ ತೆರೆದ ಜಾಗದಲ್ಲಿ ಜಾಕೆಟ್ ತೊಟ್ಟೇ ಇರಬೇಕು ಅಂತ ಕೇಂದ್ರದ ನಿಯಮ ಇದೆ, ರಾಜ್ಯದ್ದೇ ಬೇರೆ ನಿಯಮ ಇರುವಲ್ಲಿ ರಾಜ್ಯದ್ದೇ ನಡೆಯುತ್ತದೆ. ತೊಟ್ಟೇ ಇರಬೇಕು, ಪಕ್ಕದಲ್ಲಿಟ್ಟುಕೊಂಡರೆ ಆಗದು. ನಮ್ಮಲ್ಲಿ ಫೋಟೋ ತೆಗೆಯುವಾಗ "ಸ್ವಲ್ಪ ತೆಗಿ ಮಗಾ" ಅಂತ ಹೇಳುವವರು ಅಪ್ಪ ಅಮ್ಮಂದಿರೇ. ನಮ್ಮ ಬೋಟಲ್ಲೂ ಒಬ್ಬರು ಹೇಳಿದರು, ನಾನು ತಡೆದೆ.

ಊಟ: ಕರಿಮೀನು ಫ್ರೈ, ಕಲ್ಲುಮ್ಮಕಾಯಿ (ಕಡಲ ಚಿಪ್ಪಿನ ಮಾಂಸ), ಕುಚ್ಚಲಕ್ಕಿ ಅನ್ನ. ಎಲ್ಲವೂ ಬಿಸಿಬಿಸಿ, ಖಾರ ಹದ. ಟಾಯ್ಲೆಟ್ ಕ್ಲೀನ್.

ಬುಕ್ ಮಾಡುವ ಮೊದಲು ಫೋನಿನಲ್ಲಿ ಮಗುವಿನ ತೂಕ ಹೇಳಿ, ಆ ತೂಕದ ಜಾಕೆಟ್ಟಿನ ಫೋಟೋ ಕಳಿಸಲು ಹೇಳಿ. ಕಳಿಸಿದ ಮೇಲೆ ಅಡ್ವಾನ್ಸ್ ಕೊಡಿ. ಮರುದಿನ ನಾನು ಬೋಟಿನವರಿಗೆ ಫೋನ್ ಮಾಡಿ ಎಲ್ಲ ಹೇಳಿದೆ, ಮಕ್ಕಳದ್ದು ತಂದಿಡ್ತೇವೆ ಅಂದಿದ್ದಾರೆ. ತಂದಿಟ್ಟದ್ದು ಗೊತ್ತಾದರೆ ಇಲ್ಲೇ ಬಂದು ಸ್ಟಾರ್ ಜಾಸ್ತಿ ಮಾಡ್ತೇನೆ.