ಚೆಸ್ಟ್‌ನಟ್ ತೋಟಕ್ಕೆ ಹೋಗುವವರು ಸ್ವಂತ ಗ್ಲೌಸ್ ತಗೊಂಡು ಹೋಗಿ

ನ್ಯೂಜೆರ್ಸಿಯ ನಮ್ಮ ರಸ್ತೆಯಲ್ಲಿ ಒಂದು ದೊಡ್ಡ ಮರ ಇದೆ. ಸೆಪ್ಟೆಂಬರ್‌ನಲ್ಲಿ ಅದರಿಂದ ಮಿರಮಿರ ಹೊಳೆಯುವ ಕಂದು ಬೀಜ ಉದುರುತ್ತವೆ. ಚೆಸ್ಟ್‌ನಟ್ ಅಂದುಕೊಂಡು ಎರಡು ವರ್ಷ ಆರಿಸಿಟ್ಟಿದ್ದೆ. ಹುರಿದು ತಿನ್ನದೇ ಉಳಿದದ್ದು ಬರೀ ಸೋಮಾರಿತನದಿಂದ.

ಈ ಅಕ್ಟೋಬರ್‌ನಲ್ಲಿ, ನಾವೇ ಆರಿಸಿಕೊಳ್ಳಬಹುದಾದ ಒಂದು ಚೆಸ್ಟ್‌ನಟ್ ತೋಟಕ್ಕೆ ಹೋಗಿದ್ದೆವು. ಗೇಟಿನಲ್ಲಿ ಕೂತಿದ್ದ ಅಜ್ಜನಿಗೆ ನನ್ನ ಬೀಜ ತೋರಿಸಿದೆ. "ತಿಂದಿಲ್ಲ ತಾನೇ?" ಅಂದರು. ಅದು ಹಾರ್ಸ್ ಚೆಸ್ಟ್‌ನಟ್ ಅಂತೆ. ವಿಷ, ಹುರಿದರೂ ಹೋಗುವುದಿಲ್ಲ.

ಆಮೇಲೆ ಅರ್ಧ ಗಂಟೆ ಜೊತೆಗೇ ಸುತ್ತಾಡಿ ತೋರಿಸಿದರು. ಕೊಟ್ಟ ದುಡ್ಡು ಅದಕ್ಕೇ ಸರಿಹೋಯಿತು. ನನ್ನ ರಸ್ತೆಯ ಮರದ ಎಲೆ ನಮ್ಮ ಬೂರುಗದ ಎಲೆಯ ಹಾಗೆ, ಅಂಗೈಯಂತೆ ಐದೋ ಏಳೋ ಹರಡಿರುತ್ತದೆ. ತಿನ್ನುವ ಚೆಸ್ಟ್‌ನಟ್‌ದು ಉದ್ದನೆಯ ಒಂಟಿ ಎಲೆ, ಅಂಚಿಗೆ ಗರಗಸದ ಹಲ್ಲು. ವಿಷದ ಕಾಯಿಯ ಸಿಪ್ಪೆ ಥೇಟ್ ದತ್ತೂರಿ ಕಾಯಿ, ಅಲ್ಲೊಂದು ಇಲ್ಲೊಂದು ಮೊಂಡು ಮುಳ್ಳು. ತಿನ್ನುವುದರ ಮೈಮೇಲೆ ಬೆರಳಿಡಲು ಜಾಗವಿಲ್ಲ, ಅಷ್ಟು ಸೂಜಿಮುಳ್ಳು. ಒಳಗೆ ಸಾಮಾನ್ಯವಾಗಿ ಎರಡು ಮೂರು ಬೀಜ ಒತ್ತಿಕೊಂಡಿರುತ್ತವೆ, ಹಾಗಾಗಿ ಒಂದು ಮಗ್ಗುಲು ಚಪ್ಪಟೆ. ತುದಿಯಲ್ಲಿ ಚೂಪಾದ ಪುಟ್ಟ ಜುಟ್ಟು. ವಿಷದ ಬೀಜಕ್ಕೆ ಜುಟ್ಟಿಲ್ಲ. ನನಗೆ ಈಗ ನೆನಪಿರುವುದು ಜುಟ್ಟೊಂದೇ, ಅಷ್ಟು ಸಾಕು.

ಇಲ್ಲಿನ ಕಾಡುಗಳಲ್ಲಿ ಮೊದಲು ಅಮೆರಿಕದ್ದೇ ಚೆಸ್ಟ್‌ನಟ್ ಮರ ತುಂಬಿದ್ದವು. 1904ರಲ್ಲಿ ನ್ಯೂಯಾರ್ಕ್‌ನ ಬ್ರಾಂಕ್ಸ್ ಮೃಗಾಲಯದ ಮರಗಳಲ್ಲಿ ಒಂದು ಶಿಲೀಂಧ್ರ ರೋಗ ಕಾಣಿಸಿತು. ಐವತ್ತೇ ವರ್ಷದಲ್ಲಿ ನೂರಾರು ಕೋಟಿ ಮರ ಹೋದವು. ಈ ತೋಟದ್ದೆಲ್ಲ ಚೀನಾ ತಳಿ, ಆ ರೋಗವನ್ನು ತಾಳಿಕೊಳ್ಳುತ್ತದೆ.

ಇನ್ನು ತಕರಾರು. ಅವರು ಕೊಡುವ ಗ್ಲೌಸ್ ತೂತು. ಮುಳ್ಳು ನನ್ನ ಹೆಬ್ಬೆರಳಲ್ಲಿ ಎರಡು ದಿನ ಇತ್ತು. ಫ್ರಿಜ್‌ನಲ್ಲಿಡಿ ಅಂತ ಯಾರೂ ಹೇಳಲಿಲ್ಲ. ಇದು ಬಾದಾಮಿಯಲ್ಲ, ಹಸಿ ಬೀಜದ ತೂಕದಲ್ಲಿ ಅರ್ಧದಷ್ಟು ನೀರೇ. ಡಬ್ಬಿಯಲ್ಲಿ ಹೊರಗಿಟ್ಟದ್ದು ವಾರದಲ್ಲಿ ಬೂಷ್ಟು ಹಿಡಿಯಿತು. ಸಿಪ್ಪೆ ಸೀಳದೆ ಓವನ್‌ಗೆ ಹಾಕಿದ ಮೊದಲ ಕಂತು ಪಟಾಕಿ ಹೊಡೆದ ಹಾಗೆ ಸಿಡಿಯಿತು, ಅದು ಮಾತ್ರ ನಮ್ಮವರ ತಪ್ಪು.

ರುಚಿ? ಕೆಂಡದಲ್ಲಿ ಸುಟ್ಟ ಹಲಸಿನ ಬೀಜಕ್ಕೆ ಚೂರು ಬೆಲ್ಲ ತಾಗಿಸಿದಂತೆ. ಅಮ್ಮನಿಗೆ ಫೋನಿನಲ್ಲಿ ಹೇಳಿದರೆ, "ಹಲಸಿನ ಬೀಜ ತಿನ್ನೋಕೆ ಅಷ್ಟು ದೂರ ಹೋದ್ಯಾ?" ಅಂದಳು.

ಐದಕ್ಕೆ ನಾಲ್ಕು. ಹೋಗುವುದಾದರೆ ಬೆಳಗ್ಗೆ ಬೇಗ ಹೋಗಿ. ಹತ್ತು ಗಂಟೆಯ ಮೇಲೆ ಬಂದವರಿಗೆ ಖಾಲಿ ಮುಳ್ಳಿನ ಸಿಪ್ಪೆಯೇ ಜಾಸ್ತಿ ಸಿಕ್ಕಿದ್ದು.